ಅಳಿಸಿದ ಗೆರೆ: ವಿಲಿಯಂ ಕೆಂಟ್ರಿಜ್‌ನ ಕಲೆ

ಚಿತ್ರಕಲೆಯನ್ನು ಕುರಿತು ಬಾನುಲಿಯಲ್ಲಿ ಮಾತನಾಡುವುದು ಒಂದು ವಿಚಿತ್ರವಾದ ಕೆಲಸ. ಕಣ್ಣಿಗೆ ಸಲ್ಲಬೇಕಾದುದನ್ನು ಕಿವಿಗೆ ಒಪ್ಪಿಸಬೇಕು. ಆದರೆ ಇಂದು ನಾನು ಪರಿಚಯಿಸಲಿರುವ ಕಲಾವಿದನ ಮಟ್ಟಿಗೆ ಈ ಕಷ್ಟ ಸ್ವಲ್ಪ ಕಡಿಮೆ. ಅವನ ಚಿತ್ರಗಳು ಚೌಕಟ್ಟಿನೊಳಗೆ ಸುಮ್ಮನೆ ಕುಳಿತಿರುವುದಿಲ್ಲ. ಅವು ನಡೆಯುತ್ತವೆ, ಕರಗುತ್ತವೆ, ಮತ್ತೊಂದಾಗಿ ಹುಟ್ಟುತ್ತವೆ, ಕಥೆ ಹೇಳುತ್ತವೆ. ಸಮಯ ಬಂದಾಗ ರಂಗಮಂಚವನ್ನೂ ಏರುತ್ತವೆ. ಕಥೆಯಿರುವ ಚಿತ್ರವನ್ನು ಬಾಯಿಯಿಂದ ಹೇಳಲು ಸಾಧ್ಯ ಎಂಬ ಧೈರ್ಯದಿಂದ ಹೊರಟಿದ್ದೇನೆ.

ಈ ಕಲಾವಿದ ದಕ್ಷಿಣ ಆಫ್ರಿಕದ ವಿಲಿಯಂ ಕೆಂಟ್ರಿಜ್. ಹುಟ್ಟಿದ್ದು 1955ರಲ್ಲಿ, ಜೋಹಾನ್ಸ್‌ಬರ್ಗ್ ನಗರದಲ್ಲಿ. ಇಂದಿಗೂ ಅವನ ಮನೆ, ಕೆಲಸದ ಕೋಣೆ ಎರಡೂ ಅದೇ ಊರಿನಲ್ಲಿವೆ. ಅವನನ್ನು ಏನೆಂದು ಕರೆಯಬೇಕೆಂಬುದು ವಿಮರ್ಶಕರಿಗೆ ಒಂದು ತೊಡಕು. ಚಿತ್ರಕಾರನೆಂದರೆ ಚಲನಚಿತ್ರಗಳು ಎದ್ದು ನಿಲ್ಲುತ್ತವೆ. ಚಲನಚಿತ್ರಕಾರನೆಂದರೆ ನಾಟಕಗಳು ಅಡ್ಡ ಬರುತ್ತವೆ. ನಾಟಕಕಾರನೆಂದರೆ ಅವನೇ ವೇದಿಕೆಯ ಮೇಲೆ ನಿಂತು ಉಪನ್ಯಾಸವನ್ನೇ ಅಭಿನಯವನ್ನಾಗಿಸಿದ ಸಂದರ್ಭಗಳಿವೆ. ಇಷ್ಟಕ್ಕೂ ಅವನ ಕೈಯಲ್ಲಿರುವ ಮೂಲಸಾಮಗ್ರಿ ಅತ್ಯಂತ ಬಡದು: ಒಂದು ತುಂಡು ಇದ್ದಿಲು, ಒಂದು ಹಾಳೆ, ಅಳಿಸುವುದಕ್ಕೊಂದು ರಬ್ಬರು ಮತ್ತು ಬಟ್ಟೆ.

ಮೊದಲು ಅವನ ಊರಿನ ವಿಷಯ ಹೇಳಬೇಕು, ಏಕೆಂದರೆ ಆ ಊರಿಲ್ಲದೆ ಆ ಚಿತ್ರಗಳಿಲ್ಲ. ಜೋಹಾನ್ಸ್‌ಬರ್ಗ್ ನದಿಯ ದಡದಲ್ಲಿ ಬೆಳೆದ ಊರಲ್ಲ, ಬಂದರಲ್ಲ, ರಾಜಧಾನಿಯೂ ಅಲ್ಲ. 1886ರಲ್ಲಿ ಅಲ್ಲಿ ಚಿನ್ನ ಸಿಕ್ಕಿತು, ಊರು ಎದ್ದಿತು. ನೆಲದಡಿಯಿಂದ ಬಗೆದು ತಂದ ಕಲ್ಲನ್ನು ಪುಡಿಮಾಡಿ, ಸಯನೈಡಿನ ನೆರವಿನಿಂದ ಚಿನ್ನವನ್ನು ಬೇರ್ಪಡಿಸಿ, ಉಳಿದ ಮಣ್ಣನ್ನು ಊರಿನ ಸುತ್ತ ಸುರಿದರು. ಹೀಗೆ ಸುರಿದ ಮಣ್ಣೇ ಹಳದಿ ಬಣ್ಣದ ಚಪ್ಪಟೆ ಗುಡ್ಡಗಳಾಗಿ ನಿಂತಿತು. ನಮ್ಮವರಿಗೆ ಇದನ್ನು ಬಹಳ ವಿವರಿಸಬೇಕಾಗಿಲ್ಲ. ಕೋಲಾರದ ಚಿನ್ನದ ಗಣಿಗಳು 2001ರಲ್ಲಿ ಮುಚ್ಚಿದ ಮೇಲೂ ಅಲ್ಲಿನ ಸಯನೈಡು ದಿಬ್ಬಗಳು ಹಾಗೆಯೇ ನಿಂತಿವೆ. ರೈಲಿನಲ್ಲಿ ಹೋಗುವವರಿಗೂ ಕಾಣುತ್ತವೆ. ಜೋಹಾನ್ಸ್‌ಬರ್ಗಿನಲ್ಲಿ ಮುಂದೆ ಇನ್ನೊಂದು ವಿಚಿತ್ರ ನಡೆಯಿತು. ಚಿನ್ನದ ಬೆಲೆ ಏರಿದಾಗ ಆ ಗುಡ್ಡಗಳಲ್ಲಿ ಉಳಿದಿದ್ದ ಕಣಗಳಿಗೂ ಬೆಲೆ ಬಂದು, ಗುಡ್ಡಗಳನ್ನೇ ಮತ್ತೆ ತೊಳೆದು ಸೋಸತೊಡಗಿದರು. ನಿನ್ನೆ ದಿಗಂತದಲ್ಲಿದ್ದ ಗುಡ್ಡ ಇಂದು ಇಲ್ಲ. ತನ್ನ ಊರಿನ ಭೂದೃಶ್ಯವೇ ಬರೆದು ಅಳಿಸಿದ ಚಿತ್ರದಂತಿದೆ ಎಂಬುದನ್ನು ಕೆಂಟ್ರಿಜ್ ಮತ್ತೆ ಮತ್ತೆ ಹೇಳಿದ್ದಾನೆ.

ಅವನ ಮನೆತನ ಲಿಥುವೇನಿಯದಿಂದ ವಲಸೆ ಬಂದ ಯೆಹೂದ್ಯರದು. ತಂದೆ ಸಿಡ್ನಿ ಕೆಂಟ್ರಿಜ್ ಹೆಸರಾಂತ ನ್ಯಾಯವಾದಿ. ನೆಲ್ಸನ್ ಮಂಡೇಲಾ ಮೊದಲಾದವರ ಮೇಲೆ ಹೂಡಿದ್ದ ದೇಶದ್ರೋಹದ ಮೊಕದ್ದಮೆಯಲ್ಲಿ ಆರೋಪಿಗಳ ಪರ ವಾದಿಸಿದವರು. 1977ರಲ್ಲಿ ಸ್ಟೀವ್ ಬೀಕೋ ಪೋಲೀಸರ ವಶದಲ್ಲಿದ್ದಾಗ ಸತ್ತಾಗ, ಆ ಸಾವಿನ ವಿಚಾರಣೆಯಲ್ಲಿ ಬೀಕೋ ಕುಟುಂಬದ ಪರ ನಿಂತವರೂ ಅವರೇ. ತಾಯಿ ಫೆಲೀಷಿಯಾ ಬಡವರಿಗೆ ನ್ಯಾಯ ಒದಗಿಸುವ ಸಂಸ್ಥೆಯೊಂದನ್ನು 1979ರಲ್ಲಿ ಕಟ್ಟಿದವರಲ್ಲಿ ಒಬ್ಬರು. ಬಿಳಿಯರ ಸುಖವೆಲ್ಲ ಇದ್ದ ಮನೆ. ಆ ಸುಖದ ಆಧಾರವನ್ನು ಹಗಲೆಲ್ಲ ಪ್ರಶ್ನಿಸುತ್ತಿದ್ದ ಮನೆಯೂ ಹೌದು.

ಬಾಲ್ಯದ ಒಂದು ಪ್ರಸಂಗವನ್ನು ಕೆಂಟ್ರಿಜ್ ಬರೆದಿಟ್ಟಿದ್ದಾನೆ. 1960ರ ಮಾರ್ಚ್ 21ರಂದು ಶಾರ್ಪ್‌ವಿಲ್ ಎಂಬಲ್ಲಿ, ಪಾಸುಗಳ ಕಾನೂನನ್ನು ವಿರೋಧಿಸಿ ಸೇರಿದ್ದ ಕಪ್ಪು ಜನರ ಮೇಲೆ ಪೋಲೀಸರು ಗುಂಡು ಹಾರಿಸಿದರು. ಸತ್ತವರು ಸರಕಾರದ ಲೆಕ್ಕದಲ್ಲಿಯೇ 69 ಜನ; ಅನೇಕರಿಗೆ ಗುಂಡು ತಗುಲಿದ್ದು ಬೆನ್ನಿಗೆ. ಸತ್ತವರ ಕುಟುಂಬಗಳ ಪರವಾಗಿ ಕೆಲಸ ಮಾಡಿದ ವಕೀಲರಲ್ಲಿ ಸಿಡ್ನಿ ಕೆಂಟ್ರಿಜ್ ಒಬ್ಬರು. ಆರು ವರ್ಷದ ಹುಡುಗ ತಂದೆಯ ಓದುವ ಕೋಣೆಗೆ ಹೋದಾಗ ಮೇಜಿನ ಮೇಲೆ ಕೊಡಕ್ ಕಂಪೆನಿಯ ಹಳದಿ ಪೆಟ್ಟಿಗೆಯೊಂದು ಕಾಣಿಸಿತು. ಚಾಕೊಲೇಟು ಇರಬಹುದೆಂದು ಮುಚ್ಚಳ ತೆಗೆದ. ಒಳಗಿದ್ದುದು ಗುಂಡೇಟಿಗೆ ಛಿದ್ರವಾದ ದೇಹಗಳ ಛಾಯಾಚಿತ್ರಗಳು. ದೊಡ್ಡವರ ಲೋಕ ಹೀಗೂ ಇರುತ್ತದೆ ಎಂದು ತಿಳಿದ ಆ ಕ್ಷಣದ ಆಘಾತವನ್ನು, ದಶಕಗಳ ಅನಂತರ ತಾನು ನೆಲದ ಮೇಲೆ ಬಿದ್ದ ದೇಹಗಳ ಚಿತ್ರಗಳನ್ನು ಬರೆಯುತ್ತಿದ್ದಾಗ ಅವನು ನೆನೆದ.

ವಿಟ್ವಾಟರ್ಸ್‌ರಾಂಡ್ ವಿಶ್ವವಿದ್ಯಾಲಯದಲ್ಲಿ ಅವನು ಓದಿದ್ದು ರಾಜಕೀಯಶಾಸ್ತ್ರ ಮತ್ತು ಆಫ್ರಿಕದ ಅಧ್ಯಯನ. ಆಮೇಲೆ ಜೋಹಾನ್ಸ್‌ಬರ್ಗಿನಲ್ಲೇ ಚಿತ್ರಕಲೆ ಕಲಿತ. ಜತೆಗೆ ನಾಟಕದ ಗೀಳು. ಒಂದು ಹವ್ಯಾಸಿ ತಂಡದಲ್ಲಿ ನಟಿಸಿದ, ನಿರ್ದೇಶಿಸಿದ. 1981ರಲ್ಲಿ ಪ್ಯಾರಿಸ್ಸಿಗೆ ಹೋಗಿ ಜಾಕ್ ಲಕಾಕ್‌ನ ಪ್ರಸಿದ್ಧ ಮೂಕಾಭಿನಯ ಶಾಲೆಯನ್ನು ಸೇರಿದ. ತಾನು ನಟನಾಗಲಾರೆ ಎಂಬುದನ್ನು ಅಲ್ಲಿ ಕಲಿತೆನೆಂದು ಅವನೇ ನಗೆಯಾಡುತ್ತಾನೆ. ಎಣ್ಣೆಬಣ್ಣ ಒಗ್ಗಲಿಲ್ಲ, ನಟನೆ ಒಗ್ಗಲಿಲ್ಲ, ವೃತ್ತಿಪರ ಚಲನಚಿತ್ರವೂ ಒಗ್ಗಲಿಲ್ಲ. ಮೂವತ್ತು ದಾಟುವ ಹೊತ್ತಿಗೆ ಮೂರು ಬಾಗಿಲುಗಳೂ ಮುಚ್ಚಿದವು. ಉಳಿದದ್ದು ಇದ್ದಿಲು. ಆ ಇದ್ದಿಲಿನ ಬೆನ್ನು ಹತ್ತಿ ಮುಚ್ಚಿದ ಮೂರು ಬಾಗಿಲುಗಳೂ ಮತ್ತೆ ತೆರೆದುಕೊಂಡದ್ದು ಅವನ ಜೀವನದ ಸ್ವಾರಸ್ಯ.

1989ರಲ್ಲಿ ಅವನು ತನ್ನ ಮೊದಲ ಇದ್ದಿಲಿನ ಚಲನಚಿತ್ರವನ್ನು ಮಾಡಿದ. ಅದರ ಹೆಸರನ್ನು ಕನ್ನಡಿಸಿದರೆ 'ಜೋಹಾನ್ಸ್‌ಬರ್ಗ್, ಪ್ಯಾರಿಸ್ಸಿನ ಬಳಿಕ ಎರಡನೆಯ ಮಹಾನಗರ' ಎಂದಾಗುತ್ತದೆ. ವ್ಯಂಗ್ಯ ಸ್ಪಷ್ಟವಾಗಿಯೇ ಇದೆ. ಅದನ್ನು ಮಾಡಿದ ವಿಧಾನವನ್ನು ಸ್ವಲ್ಪ ವಿವರವಾಗಿ ಹೇಳುತ್ತೇನೆ. ಅವನ ಕಲೆಯ ತಿರುಳು ಅಲ್ಲಿಯೇ ಇದೆ.

ಸಾಮಾನ್ಯವಾಗಿ ನಾವು ಕಾಣುವ ಕಾರ್ಟೂನು ಚಿತ್ರಗಳಲ್ಲಿ ಪ್ರತಿಯೊಂದು ಚಲನೆಗೂ ಪ್ರತ್ಯೇಕ ಚಿತ್ರವಿರುತ್ತದೆ. ಸಾವಿರಾರು ಹಾಳೆಗಳು, ಹತ್ತಾರು ಸಹಾಯಕರು. ಕೆಂಟ್ರಿಜ್ ಗೋಡೆಗೆ ಒಂದೇ ದೊಡ್ಡ ಹಾಳೆಯನ್ನು ಅಂಟಿಸುತ್ತಾನೆ. ಕೋಣೆಯ ಇನ್ನೊಂದು ಕೊನೆಯಲ್ಲಿ ಕ್ಯಾಮರಾ. ಒಬ್ಬ ಮನುಷ್ಯ ಕೈ ಎತ್ತುತ್ತಾನೆ ಎನ್ನೋಣ. ಇಳಿಬಿಟ್ಟ ಕೈಯನ್ನು ಬರೆಯುತ್ತಾನೆ; ಕ್ಯಾಮರಾದ ಬಳಿಗೆ ನಡೆದುಹೋಗಿ ಒಂದೆರಡು ಚೌಕಟ್ಟುಗಳಷ್ಟು ಫಿಲಂ ಓಡಿಸುತ್ತಾನೆ; ಹಿಂದಿರುಗಿ ಬಂದು ಕೈಯನ್ನು ಅಳಿಸಿ ಕೊಂಚ ಮೇಲೆ ಬರೆಯುತ್ತಾನೆ; ಮತ್ತೆ ಕ್ಯಾಮರಾದ ಬಳಿಗೆ. ಸೆಕೆಂಡಿಗೆ 24 ಚೌಕಟ್ಟುಗಳು ಓಡುವ ಲೆಕ್ಕದಲ್ಲಿ, ಪ್ರತಿ ಬದಲಾವಣೆಗೆ ಎರಡು ಚೌಕಟ್ಟು ಎಂದುಕೊಂಡರೂ ಒಂದು ನಿಮಿಷಕ್ಕೆ ಏಳುನೂರು ಸಲಕ್ಕಿಂತ ಹೆಚ್ಚು ಬಾರಿ ಅವನು ಹೀಗೆ ಓಡಾಡಬೇಕು. ಇದನ್ನು ಅವನು ಶಿಲಾಯುಗದ ಸಿನಿಮಾ ಎಂದು ಕರೆದುಕೊಂಡಿದ್ದಾನೆ. ಚಿತ್ರಕಥೆಯನ್ನು ಮೊದಲೇ ಬರೆದಿಟ್ಟುಕೊಳ್ಳುವುದಿಲ್ಲ. ಮುಂದೇನೆಂಬುದು ಹೊಳೆಯುವುದು ಹಾಳೆಗೂ ಕ್ಯಾಮರಾಕ್ಕೂ ನಡುವಿನ ಆ ನಡಿಗೆಯಲ್ಲಿಯೇ ಎಂದು ಅವನ ಅನುಭವ. ಎಂಟು ನಿಮಿಷಗಳ ಒಂದು ಚಿತ್ರ ಮುಗಿಯುವ ಹೊತ್ತಿಗೆ ಕೈಯಲ್ಲಿ ಉಳಿಯುವುದು ಸಾವಿರಾರು ಹಾಳೆಗಳಲ್ಲ, ಮೂವತ್ತೋ ನಲವತ್ತೋ ಹಾಳೆಗಳು, ಪ್ರತಿಯೊಂದೂ ಅಳಿಸಿ ಅಳಿಸಿ ಜರ್ಜರಿತವಾದದ್ದು.

ಇದ್ದಿಲನ್ನು ಎಷ್ಟು ಒರೆಸಿದರೂ ಅದು ಪೂರ್ತಿಯಾಗಿ ಹೋಗುವುದಿಲ್ಲ. ಕೈ ಮೇಲೆ ಹೋಯಿತು, ಆದರೆ ಅದು ಹಿಂದೆ ಇದ್ದ ಜಾಗಗಳಲ್ಲೆಲ್ಲ ಬೂದುಬಣ್ಣದ ಒಂದು ನೆರಳು ಉಳಿಯಿತು. ಮನುಷ್ಯ ರಸ್ತೆಯನ್ನು ದಾಟಿದ, ದಾಟಿದ ದಾರಿಯುದ್ದಕ್ಕೂ ಅವನ ಪ್ರೇತ ನಿಂತಿತು. ಮೊದಮೊದಲು ಇದು ದೋಷವೆಂದು ಅವನಿಗೂ ಅನ್ನಿಸಿ, ಚೆನ್ನಾಗಿ ಅಳಿಸುವ ಉಪಾಯವನ್ನು ಹುಡುಕಿದನಂತೆ. ಆಮೇಲೆ ಈ ಕಲೆಯೇ ತನ್ನ ಕಲೆಯೆಂದು ತಿಳಿಯಿತು.

ಗ್ರಂಥಸಂಪಾದನೆಯಲ್ಲಿ ಕೈಯಾಡಿಸಿದವರಿಗೆ ಪಾಠಾಂತರವೆಂಬ ಮಾತು ಪರಿಚಿತ. ನಾಲ್ಕು ಓಲೆಪ್ರತಿಗಳಲ್ಲಿ ನಾಲ್ಕು ಪಾಠಗಳಿದ್ದರೆ ಸಂಪಾದಕ ಒಂದನ್ನು ಮೇಲಕ್ಕೆ ತಂದು, ಉಳಿದ ಮೂರನ್ನು ಅಡಿಟಿಪ್ಪಣಿಗೆ ಇಳಿಸುತ್ತಾನೆ. ಓದುಗರಲ್ಲಿ ಹೆಚ್ಚಿನವರು ಅಡಿಟಿಪ್ಪಣಿಯನ್ನು ನೋಡುವುದೇ ಇಲ್ಲ. ಕೆಂಟ್ರಿಜ್‌ನ ಹಾಳೆಯಲ್ಲಿ ಅಡಿಟಿಪ್ಪಣಿಯೆಂಬ ಪ್ರತ್ಯೇಕ ಸ್ಥಳವಿಲ್ಲ. ಸ್ವೀಕೃತ ಪಾಠದ ಹಿಂದೆಯೇ ತಿರಸ್ಕೃತ ಪಾಠಗಳೆಲ್ಲ ಮಸುಕಾಗಿ ನಿಂತು, ನಾವೂ ಇಲ್ಲಿಯೇ ಇದ್ದೆವು ಎನ್ನುತ್ತವೆ. ವರ್ಣಭೇದ ನೀತಿಯ ಸರಕಾರ ಜನರನ್ನು ಅವರ ಬೀದಿಗಳಿಂದ ಎಬ್ಬಿಸಿ, ಆ ಬೀದಿಗಳನ್ನು ನೆಲಸಮ ಮಾಡಿ, ಹೊಸ ಹೆಸರಿಟ್ಟು ಬೇರೆ ಊರನ್ನು ಕಟ್ಟಿದ ನಾಡಿನಲ್ಲಿ ಈ ತಂತ್ರಕ್ಕೆ ಬರುವ ಅರ್ಥವನ್ನು ನಾನು ಬಿಡಿಸಿ ಹೇಳಬೇಕಾಗಿಲ್ಲ.

ಈ ಮಾಲೆಯ ಚಿತ್ರಗಳಲ್ಲಿ ಎರಡು ಪಾತ್ರಗಳು ಮತ್ತೆ ಮತ್ತೆ ಬರುತ್ತವೆ. ಒಬ್ಬ ಸೋಹೋ ಎಕ್‌ಸ್ಟೈನ್: ಗೀರುಗಳ ಸೂಟು ತೊಟ್ಟ ದಢೂತಿ ಗಣಿಧಣಿ, ಬಾಯಲ್ಲಿ ಚುಟ್ಟ. ಇನ್ನೊಬ್ಬ ಫೆಲಿಕ್ಸ್ ಟೈಟಲ್‌ಬಾಮ್: ಯಾವಾಗಲೂ ಬೆತ್ತಲೆ, ಕನಸುಗಾರ, ಸೋಹೋನ ಹೆಂಡತಿಯನ್ನು ಪ್ರೀತಿಸುವವನು. ಫೆಲಿಕ್ಸ್‌ನ ಮುಖ ಕಲಾವಿದನದೇ. ಸೋಹೋ ಮೊದಲು ಶುದ್ಧ ಖಳನಾಯಕನಂತಿದ್ದ. ಚಿತ್ರದಿಂದ ಚಿತ್ರಕ್ಕೆ ಅವನ ಮುಖವೂ ಕಲಾವಿದನ ಮುಖಕ್ಕೆ ಹತ್ತಿರ ಬರುತ್ತ ಹೋಗುತ್ತದೆ. ತಾನು ದ್ವೇಷಿಸುವವನ ಮುಖದಲ್ಲಿ ಕನ್ನಡಿ ಕಂಡಂತೆ.

1991ರ 'ಗಣಿ' ಎಂಬ ಚಿತ್ರದಲ್ಲಿ ಮರೆಯಲಾಗದ ಒಂದು ದೃಶ್ಯವಿದೆ. ಸೋಹೋ ಹಾಸಿಗೆಯಲ್ಲಿ ಕುಳಿತೇ ಬೆಳಗಿನ ಉಪಾಹಾರ ಮಾಡುತ್ತಿದ್ದಾನೆ. ಗಾಜಿನ ಕಾಫಿಪಾತ್ರೆಯ ಒತ್ತುಗೋಲನ್ನು ಕೆಳಕ್ಕೆ ಒತ್ತುತ್ತಾನೆ. ಅದು ಪಾತ್ರೆಯ ತಳದಲ್ಲಿ ನಿಲ್ಲುವುದಿಲ್ಲ. ತಟ್ಟೆಯನ್ನು ದಾಟಿ, ಹಾಸಿಗೆಯನ್ನು ದಾಟಿ, ನೆಲವನ್ನು ಕೊರೆದು ಕೆಳಕ್ಕೆ ಇಳಿಯುತ್ತ ಗಣಿಯ ಕೊಳವೆಯಾಗುತ್ತದೆ. ಕಾರ್ಮಿಕರು ಸ್ನಾನಮಾಡುವ ಕೋಣೆ, ಗೂಡುಗಳಲ್ಲಿ ತಲೆ ಚಾಚಿ ಮಲಗಿರುವ ಸಾಲುಸಾಲು ದೇಹಗಳು, ಕೊನೆಗೆ ಕತ್ತಲಲ್ಲಿ ಬಂಡೆಯನ್ನು ಕೊರೆಯುತ್ತಿರುವವರು ಒಬ್ಬೊಬ್ಬರಾಗಿ ಕಾಣುತ್ತ ಹೋಗುತ್ತಾರೆ. ಒಂದು ಮಾತೂ ಇಲ್ಲ. ಹಿನ್ನೆಲೆಯಲ್ಲಿ ದ್ವೊರ್ಜಾಕ್‌ನ ಸೆಲ್ಲೋ ಸಂಗೀತ. ಶೋಷಣೆಯನ್ನು ಕುರಿತು ನಮ್ಮಲ್ಲಿ ಬರೆದ ಎಷ್ಟೋ ಗಟ್ಟಿದನಿಯ ಕವಿತೆಗಳಿಗಿಂತ ಈ ಒಂದು ಕಾಫಿಪಾತ್ರೆ ಹೆಚ್ಚು ಹೇಳುತ್ತದೆ ಎಂದರೆ ನವ್ಯರೂ ಬಂಡಾಯದವರೂ ನನ್ನನ್ನು ಕ್ಷಮಿಸಬೇಕು.

'ದೇಶಭ್ರಷ್ಟ ಫೆಲಿಕ್ಸ್' ಎಂಬ ಚಿತ್ರ 1994ರದು. ದಕ್ಷಿಣ ಆಫ್ರಿಕದಲ್ಲಿ ಎಲ್ಲ ಜನರೂ ಮತ ನೀಡಿದ ಮೊದಲ ಚುನಾವಣೆಯ ಹಿಂದಿನ ತಿಂಗಳುಗಳಲ್ಲಿ ಮಾಡಿದ್ದು. ನಂದಿ ಎಂಬ ಕಪ್ಪು ಹೆಂಗಸು ಅಳತೆಯ ಯಂತ್ರವನ್ನು ಹಿಡಿದು ನೆಲವನ್ನು ಮೋಜಣಿ ಮಾಡುತ್ತಿದ್ದಾಳೆ. ಅವಳು ಕಾಣುವುದು ಬಯಲಿನಲ್ಲಿ ಬಿದ್ದ ಹೆಣಗಳನ್ನು. ಗಾಳಿಗೆ ಹಾರಿಬಂದ ವೃತ್ತಪತ್ರಿಕೆಗಳು ಹೆಣಗಳ ಮೇಲೆ ಮುಚ್ಚಿಕೊಳ್ಳುತ್ತವೆ. ನೋಡನೋಡುತ್ತ ದೇಹ ನೆಲದಲ್ಲಿ ಒಂದಾಗಿ, ದಿಬ್ಬವೋ ಗುಂಡಿಯೋ ಆಗಿಬಿಡುತ್ತದೆ. ದೂರದ ಹೊಟೆಲು ಕೋಣೆಯಲ್ಲಿ ಒಬ್ಬಂಟಿಯಾದ ಫೆಲಿಕ್ಸ್‌ನ ಪೆಟ್ಟಿಗೆಯ ತುಂಬ ನಂದಿ ಬರೆದ ಚಿತ್ರಗಳು. ಕೊನೆಗೆ ನಂದಿಗೂ ಗುಂಡು ತಗಲುತ್ತದೆ, ಅವಳೂ ನೆಲವಾಗುತ್ತಾಳೆ. ಫೆಲಿಕ್ಸ್‌ನ ಕೋಣೆ ನೀಲಿ ನೀರಿನಿಂದ ತುಂಬುತ್ತದೆ. ಆ ಕಪ್ಪು ಬಿಳುಪಿನ ಲೋಕದಲ್ಲಿ ನೀಲಿ ಮೂಡಿದಾಗ ಮನಸ್ಸಿಗೆ ಆಗುವುದನ್ನು ಮಾತಿನಲ್ಲಿ ಹೇಳುವುದು ನನ್ನಿಂದ ಆಗದು. ಹೊಸ ನಾಡು ಹುಟ್ಟುವ ಸಂಭ್ರಮದಲ್ಲಿ, ಅದಕ್ಕಾಗಿ ಸತ್ತವರು ನೆಲದಲ್ಲಿ ಕರಗಿ ಮರೆತೇ ಹೋಗುವರಲ್ಲ ಎಂಬ ಆತಂಕ ಆ ಚಿತ್ರದ ಒಳಗಿನ ಉಸಿರು.

ಇಲ್ಲಿ ಒಂದು ಆಕ್ಷೇಪವನ್ನು ಎತ್ತಲೇಬೇಕು. ಈ ಚಿತ್ರಗಳಲ್ಲಿ ಒಳಬದುಕು ಇರುವುದು ಸೋಹೋನಿಗೆ, ಫೆಲಿಕ್ಸ್‌ನಿಗೆ. ಪಶ್ಚಾತ್ತಾಪ, ವಿರಹ, ಕನಸು ಎಲ್ಲ ಬಿಳಿಯರವು. ಕಪ್ಪು ಜನರು ಬಹುಮಟ್ಟಿಗೆ ಮೆರವಣಿಗೆಯಾಗಿ, ಸಮೂಹವಾಗಿ, ಹೆಣವಾಗಿ ಬರುತ್ತಾರೆ. ನಂದಿ ಒಂದು ಅಪವಾದ. ಪರರ ನೋವು ತನ್ನ ಆತ್ಮಶೋಧನೆಗೆ ಸಾಮಗ್ರಿಯಾಯಿತೇ ಎಂದು ಕೇಳಿದರೆ ಅದು ಅನ್ಯಾಯದ ಪ್ರಶ್ನೆಯಲ್ಲ. ದಲಿತರ ಬದುಕನ್ನು ಕುರಿತು ಮೇಲುಜಾತಿಯ ಲೇಖಕರು ಬರೆದಾಗ ಕನ್ನಡದಲ್ಲಿಯೂ ಇದೇ ಪ್ರಶ್ನೆಯನ್ನು ಕೇಳಿದ್ದೇವೆ. ಇತರರ ಪರವಾಗಿ ತಾನು ಮಾತನಾಡುತ್ತೇನೆಂದು ಕೆಂಟ್ರಿಜ್ ಎಲ್ಲಿಯೂ ಹೇಳಿಕೊಳ್ಳುವುದಿಲ್ಲ. ತಾನು ನಿಂತ ಜಾಗದಿಂದ ಕಂಡದ್ದನ್ನು, ನಿಂತ ಜಾಗದ ಕೊಳೆಯ ಸಮೇತ ತೋರಿಸುತ್ತಾನೆ. ನನ್ನ ಮಟ್ಟಿಗೆ ಇದು ಅರ್ಧ ಉತ್ತರ. ಉಳಿದರ್ಧ 1996ರ 'ಮುಖ್ಯ ವ್ಯಾಧಿಯ ಇತಿಹಾಸ' ಎಂಬ ಚಿತ್ರದಲ್ಲಿದೆ.

ಅದೇ ವರ್ಷ ಏಪ್ರಿಲ್‌ನಲ್ಲಿ, ಆರ್ಚ್‌ಬಿಷಪ್ ಡೆಸ್ಮಂಡ್ ಟೂಟು ಅವರ ಅಧ್ಯಕ್ಷತೆಯಲ್ಲಿ ಸತ್ಯ ಮತ್ತು ಸಂಧಾನ ಆಯೋಗದ ಬಹಿರಂಗ ವಿಚಾರಣೆಗಳು ಆರಂಭವಾದವು. ಮಾಡಿದ ಕ್ರೌರ್ಯವನ್ನು ಪೂರ್ತಿಯಾಗಿ ಒಪ್ಪಿಕೊಂಡವನಿಗೆ ಕ್ಷಮಾದಾನ ಸಿಗಬಹುದೆಂಬುದು ಕರಾರು. ಕೆಂಟ್ರಿಜ್‌ನ ಚಿತ್ರದಲ್ಲಿ ಸೋಹೋ ಪ್ರಜ್ಞೆತಪ್ಪಿ ಆಸ್ಪತ್ರೆಯಲ್ಲಿ ಮಲಗಿದ್ದಾನೆ, ಸೂಟಿನಲ್ಲಿಯೇ. ಸುತ್ತ ಸೇರಿದ ವೈದ್ಯರೂ ಅವನಂತೆಯೇ ಗೀರುಸೂಟಿನವರು. ದೇಹದ ಒಳಗನ್ನು ಯಂತ್ರಗಳಿಂದ ಶೋಧಿಸಿದರೆ ಮೂಳೆ ಮಾಂಸದ ನಡುವೆ ಟೈಪುಯಂತ್ರ, ಟೆಲಿಫೋನು ಕಾಣುತ್ತವೆ. ಹಾಗೆಯೇ ಇನ್ನೂ ಒಳಕ್ಕೆ ಹೋದರೆ ರಾತ್ರಿಯ ರಸ್ತೆ. ಸೋಹೋ ಕಾರು ಓಡಿಸುತ್ತಿದ್ದಾನೆ. ದಾರಿಯ ಬದಿಯಲ್ಲಿ ಕೆಲವರು ಒಬ್ಬನನ್ನು ಬಡಿಯುತ್ತಿದ್ದಾರೆ. ಕಾರು ಮುಂದೆ ಹೋಗುತ್ತದೆ. ಹಠಾತ್ತನೆ ಒಬ್ಬ ಅಡ್ಡ ಓಡಿಬಂದು ಗಾಜಿಗೆ ಬಡಿಯುತ್ತಾನೆ. ಆ ಪೆಟ್ಟಿಗೆ ಹಾಸಿಗೆಯಲ್ಲಿದ್ದ ಸೋಹೋ ಕಣ್ಣು ತೆರೆಯುತ್ತಾನೆ. ರೋಗಮೂಲ ಸಿಕ್ಕಿತು, ರೋಗಿ ಎಚ್ಚೆತ್ತ. ಇನ್ನು ಪಶ್ಚಾತ್ತಾಪವೆಂದು ನಾವು ನಿರೀಕ್ಷಿಸಿದರೆ, ಮುಂದಿನ ದೃಶ್ಯದಲ್ಲಿ ಅವನು ಆರೋಗ್ಯವಾಗಿ ತನ್ನ ಮೇಜಿನ ಮುಂದೆ ಕುಳಿತು ವ್ಯವಹಾರ ನೋಡುತ್ತಿದ್ದಾನೆ! ಒಪ್ಪಿಕೊಂಡದ್ದೂ ಒಂದು ಚಿಕಿತ್ಸೆಯಾಗಿ, ಗುಣವಾದದ್ದೇ ಮತ್ತೆ ಹಳೆಯ ದಂಧೆ ಎಂಬ ಈ ಕಹಿಯನ್ನು ಅಷ್ಟೊಂದು ಆಶಾವಾದದ ದಿನಗಳಲ್ಲಿ ಹೇಳಲು ಧೈರ್ಯ ಬೇಕಿತ್ತು. ಮುಂದೆ ನೊಬೆಲ್ ಬಹುಮಾನ ಪಡೆದ ಕಾದಂಬರಿಕಾರ ಜೆ. ಎಂ. ಕೂಟ್ಸೀ ಈ ಚಿತ್ರವನ್ನು ಕುರಿತು ಲೇಖನ ಬರೆದದ್ದು ಆಶ್ಚರ್ಯವಲ್ಲ.

ಆಯೋಗದ ವಸ್ತು ಅಷ್ಟಕ್ಕೇ ಅವನನ್ನು ಬಿಡಲಿಲ್ಲ. 1997ರಲ್ಲಿ ಜೇನ್ ಟೇಲರ್ ಬರೆದ 'ಊಬೂ ಮತ್ತು ಸತ್ಯ ಆಯೋಗ' ಎಂಬ ನಾಟಕವನ್ನು ಅವನು ಹ್ಯಾಂಡ್‌ಸ್ಪ್ರಿಂಗ್ ಗೊಂಬೆಯಾಟದ ತಂಡದೊಂದಿಗೆ ರಂಗಕ್ಕೆ ತಂದ. ಊಬೂ ಎಂದರೆ ಫ್ರಾನ್ಸಿನ ಆಲ್ಫ್ರೆಡ್ ಜಾರಿ 1896ರಲ್ಲಿ ರಂಗಕ್ಕೆ ತಂದ, ಹೊಟ್ಟೆಬಾಕ, ಕ್ರೂರಿ, ಹೇಡಿ ರಾಜ. ಅವನು ಇಲ್ಲಿ ಗುಪ್ತಪೋಲೀಸಿನ ಕೊಲೆಗಡುಕ. ರಾತ್ರಿ ಹೊರಗೆ ಹೋಗಿ ಬೆಳಗ್ಗೆ ಬಂದು ಸ್ನಾನ ಮಾಡುತ್ತಾನೆ. ಹೆಂಡತಿಗೆ ಅವನು ಬೇರೆ ಹೆಂಗಸರ ಸಂಗ ಮಾಡಿದ್ದಾನೆಂಬ ಅನುಮಾನ. ದಾಖಲೆಗಳನ್ನು ನುಂಗಿ ನಾಶಮಾಡುವುದಕ್ಕೆ ಒಂದು ಮೊಸಳೆ, ಅಪರಾಧದ ಜತೆಗಾರನಾಗಿ ಮೂರು ತಲೆಯ ನಾಯಿ, ಇವೆಲ್ಲ ಗೊಂಬೆಗಳು. ಹಿಂದಿನ ತೆರೆಯ ಮೇಲೆ ಕೆಂಟ್ರಿಜ್‌ನ ಒರಟು ಚಿತ್ರಗಳು, ನಡುನಡುವೆ ನಿಜವಾದ ಗಲಭೆಗಳ ವಾರ್ತಾಚಿತ್ರ.

ಪ್ರಶ್ನೆಯಿದ್ದದ್ದು ಸಾಕ್ಷಿಗಳ ವಿಷಯದಲ್ಲಿ. ಆಯೋಗದ ಮುಂದೆ ನಿಜವಾಗಿಯೂ ತಾಯಂದಿರು ಹೇಳಿದ ಮಾತುಗಳನ್ನೇ ನಾಟಕ ಬಳಸಿಕೊಂಡಿತು. ಮಗನ ಸುಟ್ಟ ದೇಹವನ್ನು ಕಂಡ ತಾಯಿಯ ಪಾತ್ರವನ್ನು ನಟಿಯೊಬ್ಬಳು ಪ್ರತಿರಾತ್ರಿ ಅಳುತ್ತ ಅಭಿನಯಿಸುವುದು, ಪ್ರೇಕ್ಷಕರು ಚಪ್ಪಾಳೆ ತಟ್ಟುವುದು ಎಂದರೆ ಏನೋ ಅಶ್ಲೀಲವಾದದ್ದು ನಡೆದಂತೆ. ಆದ್ದರಿಂದ ಸಾಕ್ಷಿಗಳೆಲ್ಲ ಮರದ ಗೊಂಬೆಗಳಾದರು. ನಮ್ಮ ತೊಗಲುಗೊಂಬೆಯವರು ಪರದೆಯ ಹಿಂದೆ ಇರುತ್ತಾರೆ. ಉಪ್ಪಿನಕುದ್ರುವಿನ ಸೂತ್ರದ ಗೊಂಬೆಗಳಲ್ಲಿಯೂ ಸೂತ್ರ ಹಿಡಿದ ಕೈ ಮರೆಯಲ್ಲಿ. ಹ್ಯಾಂಡ್‌ಸ್ಪ್ರಿಂಗ್‌ನವರು ಗೊಂಬೆಯ ಪಕ್ಕದಲ್ಲಿಯೇ ಬಹಿರಂಗವಾಗಿ ನಿಲ್ಲುತ್ತಾರೆ. ಗೊಂಬೆ ಮಾತನಾಡುವಾಗ ಆಡಿಸುವವರಿಬ್ಬರು ಅದರ ಮುಖವನ್ನೇ ನೋಡುತ್ತಿರುತ್ತಾರೆ, ನೊಂದವರನ್ನು ಹಿಡಿದುಕೊಂಡ ಬಂಧುಗಳಂತೆ. ಇದು ನಟನೆಯೆಂದು ಎಲ್ಲರಿಗೂ ಗೊತ್ತು. ಯಾರೂ ಯಾರ ನೋವನ್ನೂ ತನ್ನದೆಂದು ನಟಿಸುತ್ತಿಲ್ಲ. ಅದಕ್ಕೇ ಅದು ನಂಬಿಕೆ ಹುಟ್ಟಿಸುತ್ತದೆ.

ಇನ್ನೊಂದು ಸೂಕ್ಷ್ಮವಿದೆ. ಸಾಕ್ಷಿಗಳು ತಮ್ಮ ತಮ್ಮ ಭಾಷೆಯಲ್ಲಿ ಹೇಳಿದ್ದನ್ನು ಆಯೋಗದ ಅನುವಾದಕರು ಕೂಡಲೇ ಇಂಗ್ಲಿಷಿಗೆ ತರುತ್ತಿದ್ದರು, ಉತ್ತಮಪುರುಷದಲ್ಲಿಯೇ. 'ಆಕೆಯ ಮಗನನ್ನು ಕೊಂದರು' ಎಂದಲ್ಲ, 'ನನ್ನ ಮಗನನ್ನು ಕೊಂದರು' ಎಂದು. ಮರುದಿನ ಕೊಲೆಗಾರ ಬಂದರೆ ಅದೇ ಅನುವಾದಕ 'ನಾನು ಕೊಂದೆ' ಎನ್ನಬೇಕು. ಇದರಿಂದ ಅನೇಕ ಅನುವಾದಕರ ಮನಸ್ಸು ಕುಸಿಯಿತು. ನಾಟಕದಲ್ಲಿ ಅನುವಾದಕರು ಕುಳಿತುಕೊಳ್ಳುವುದು ಒಂದು ಗಾಜಿನ ಗೂಡಿನಲ್ಲಿ. ಅದೇ ಗೂಡು ಇನ್ನೊಂದು ದೃಶ್ಯದಲ್ಲಿ ಊಬೂ ರಕ್ತ ತೊಳೆದುಕೊಳ್ಳುವ ಸ್ನಾನದ ಮನೆ. ಅನುವಾದವನ್ನು ನಿರಪಾಯಕರವಾದ ವಿದ್ವತ್ಕಾರ್ಯವೆಂದು ತಿಳಿದ ನಮ್ಮಂಥ ಮೇಷ್ಟ್ರುಗಳು ಆ ಗಾಜಿನ ಗೂಡಿನ ಮುಂದೆ ಸ್ವಲ್ಪ ಹೊತ್ತು ನಿಲ್ಲಬೇಕು.

ಇಲ್ಲಿಂದ ಮುಂದಿನ ಕೀರ್ತಿಯ ಕಥೆಯನ್ನು ಬೇಗನೆ ಹೇಳಿಬಿಡಬಹುದು. 2005ರಲ್ಲಿ ಬ್ರಸೆಲ್ಸ್‌ನಲ್ಲಿ ಮೊಟ್ಸಾರ್ಟ್‌ನ 'ಮಾಯಾಕೊಳಲು', 2010ರಲ್ಲಿ ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಆಪೆರಾದಲ್ಲಿ ಗೊಗೊಲ್‌ನ ಕಥೆಯನ್ನು ಆಧರಿಸಿದ ಶೊಸ್ತಕೊವಿಚ್‌ನ 'ಮೂಗು', ಅದೇ ವರ್ಷ ಜಪಾನಿನ ಕ್ಯೋಟೊ ಪ್ರಶಸ್ತಿ, 2012ರಲ್ಲಿ ಹಾರ್ವರ್ಡಿನಲ್ಲಿ ನಾರ್ಟನ್ ಉಪನ್ಯಾಸಗಳು. 2018ರಲ್ಲಿ ಲಂಡನ್ನಿನಲ್ಲಿ ಮೊದಲು ಕಂಡ 'ತಲೆ ಮತ್ತು ಹೊರೆ' ಎಂಬ ಮಹಾರೂಪಕ ಮೊದಲನೆಯ ಮಹಾಯುದ್ಧದಲ್ಲಿ ಯುರೋಪಿನ ಸೇನೆಗಳ ಹೊರೆ ಹೊತ್ತು ಸತ್ತ ಲಕ್ಷಾಂತರ ಆಫ್ರಿಕದ ಕೂಲಿಗಳನ್ನು ಕುರಿತದ್ದು. ಆ ಇತಿಹಾಸ ಹೇಳಬೇಕಾದದ್ದೇ. ಆದರೂ ಈ ದೊಡ್ಡ ಕೃತಿಗಳಲ್ಲಿ ವಾದ್ಯ, ನೆರಳು, ನೃತ್ಯ, ಅಕ್ಷರ, ಯಂತ್ರ ಎಲ್ಲ ಒಟ್ಟಿಗೆ ನುಗ್ಗಿ ಬರುವ ಪರಿಗೆ ನನ್ನ ಕಣ್ಣು ದಣಿಯುತ್ತದೆ. ಕಾಫಿಪಾತ್ರೆಯ ಆ ಒಂದು ಗೆರೆಯ ಏಕಾಗ್ರತೆ ಇಲ್ಲಿ ಚದುರಿತೆನ್ನಿಸುತ್ತದೆ. ಹಿರಿದರಲ್ಲಿ ಅವನು ದೊಡ್ಡವನು. ಕಿರಿದರಲ್ಲಿ ಇನ್ನೂ ದೊಡ್ಡವನು.

ಜೋಹಾನ್ಸ್‌ಬರ್ಗಿನಲ್ಲಿ 2016ರಲ್ಲಿ ಅವನು ಬ್ರಾನ್‌ವಿನ್ ಲೇಸ್ ಎಂಬ ಕಲಾವಿದೆಯೊಡನೆ ಸ್ಥಾಪಿಸಿದ ಪ್ರಯೋಗಶಾಲೆಗೆ 'ಅಷ್ಟೇನೂ ಒಳ್ಳೆಯದಲ್ಲದ ಆಲೋಚನೆಯ ಕೇಂದ್ರ' ಎಂದು ಹೆಸರು. ಒಳ್ಳೆಯ ವೈದ್ಯನಿಂದ ಗುಣವಾಗದಿದ್ದರೆ ಅಷ್ಟೇನೂ ಒಳ್ಳೆಯವನಲ್ಲದ ವೈದ್ಯನನ್ನು ಹುಡುಕು ಎಂಬರ್ಥದ ಸೆಟ್ಸ್ವಾನ ಭಾಷೆಯ ಗಾದೆಯಿಂದ ಬಂದದ್ದು. ನಟರು, ನರ್ತಕರು, ಚಿತ್ರಕಾರರು, ಕವಿಗಳು ಅಲ್ಲಿ ಒಟ್ಟುಗೂಡಿ, ಮುಗಿಸಲೇಬೇಕೆಂಬ ಹಟವಿಲ್ಲದೆ ಕೆಲಸ ಮಾಡುತ್ತಾರೆ.

ಅದೇ 2016ರ ಏಪ್ರಿಲ್ 21ರಂದು, ರೋಮ್ ನಗರದ ಸಂಪ್ರದಾಯದ ಹುಟ್ಟುಹಬ್ಬದ ದಿನ, ಟೈಬರ್ ನದಿಯ ದಂಡೆಯಲ್ಲಿ ಅವನ ಒಂದು ಚಿತ್ರಮಾಲೆ ಅನಾವರಣಗೊಂಡಿತು. ಉದ್ದ ಸುಮಾರು 500 ಮೀಟರು. ಆಕೃತಿಗಳ ಎತ್ತರ ಸುಮಾರು 10 ಮೀಟರು. ರೋಮಿನ ವಿಜಯಗಳೂ ಶೋಕಗಳೂ ಮೆರವಣಿಗೆ ಹೊರಟ ಚಿತ್ರ. ಅಂದು ರಾತ್ರಿ ಎರಡು ದಿಕ್ಕಿನಿಂದ ವಾದ್ಯಮೇಳಗಳು ಎದುರುಬದುರಾಗಿ ಬಂದು, ನಡೆಯುವವರ ನೆರಳುಗಳು ಗೋಡೆಯ ಆಕೃತಿಗಳೊಡನೆ ಬೆರೆತವು. ಆ ಗೋಡೆಗೆ ಅವನು ಬಣ್ಣ ಬಳಿಯಲಿಲ್ಲ. ಶತಮಾನ ಮೀರಿದ ಆ ಕಲ್ಲಿನ ದಂಡೆ ಹೊಗೆ, ಪಾಚಿ, ಧೂಳಿನಿಂದ ಕಪ್ಪಾಗಿತ್ತು. ಆಕೃತಿಗಳ ಅಚ್ಚುಗಳನ್ನು ಗೋಡೆಗೆ ಒತ್ತಿಹಿಡಿದು, ಸುತ್ತಲ ಕಪ್ಪನ್ನು ನೀರಿನ ರಭಸದಿಂದ ತೊಳೆದರು. ಅಚ್ಚು ತೆಗೆದಾಗ ತೊಳೆಯದೆ ಉಳಿದ ಕೊಳೆಯೇ ಚಿತ್ರವಾಯಿತು. ತೊಳೆದ ಕಲ್ಲಿನ ಮೇಲೆ ಪಾಚಿ, ಹೊಗೆ ಮತ್ತೆ ಕೂರುತ್ತವೆ. ಸುತ್ತಲ ಗೋಡೆಯೂ ಕಪ್ಪಾಗಿ, ಆಕೃತಿಗಳು ಅದರಲ್ಲಿ ಸೇರಿಕೊಳ್ಳುತ್ತವೆ. ಇದನ್ನು ತಡೆಯಲು ಯಾವ ಏರ್ಪಾಡನ್ನೂ ಅವನು ಮಾಡಲಿಲ್ಲ. ಕೆಲವೇ ವರ್ಷಗಳ ಚಿತ್ರವೆಂದು ತಿಳಿದೇ ಮಾಡಿದ್ದು; ಆ ಮೆರವಣಿಗೆ ಈಗಾಗಲೇ ಮಸುಕಾಗುತ್ತಿದೆ.

(ಬಾನುಲಿ ಭಾಷಣ)